ಕೊನೇ ಸೀಟಿನ ಗುಂಡಿ

ಶಾರ್ಜಾದ ರೋಲಾದಲ್ಲಿ ಒಂಬತ್ತನೇ ಮಹಡಿ.
ನಾನು ಶೂ ಬಿಚ್ಚುವ ಮೊದಲೇ ಪ್ರದ್ಯೋತ ಶುರುಮಾಡುತ್ತಾನೆ:
"ಅಮ್ಮ, ಈ ಶಾಲೆಗೆ ಬಾಗಿಲು ನೂರಾ ಹದಿನೆಂಟು,
ತೆರೆಯುವುದು ನಲವತ್ತೊಂದೇ.
ಇಲ್ಲಿ ಒಂದು ದಿನ ಅಂದರೆ ಇಪ್ಪತ್ತಾರು ನಿಮಿಷ.
ಮೇಷ್ಟರು ಹದಿಮೂರು ಜನ,
ಅವರಲ್ಲಿ ಓಡಲಿಕ್ಕೆ ಬರುವುದು ಇಬ್ಬರಿಗೆ."

ನಾನು ಕಂಡ ಶಾಲೆಗಳಲ್ಲೂ
ಲೆಕ್ಕ ಸುಮಾರು ಅಷ್ಟೇ.

"ಸೈಕಲ್ಲು ಹತ್ತಿದರೆ ಒಂಬತ್ತು ನಿಮಿಷಕ್ಕೆ ಊರಿನ ಆಚೆ ತುದಿ.
ಎಲ್ಲಿ ಬೇಕಾದರೂ ಹೋಗಬಹುದು, ಯಾರೂ ಕೇಳುವುದಿಲ್ಲ."
"ಆಮೇಲೆ?"
"ಆಮೇಲೆ ಸಮುದ್ರ. ಈಜಿದರೆ ಕಾಣದ ಗೋಡೆ."
"ಕಾಣದ ಗೋಡೆ ಅಂದರೆ ಎಂತ?"
"ಅಲ್ಲಿಗೆ ಲೋಕ ಮುಗೀತು ಅಂತ."

ಇವನಿಗೆ ಹನ್ನೊಂದು ತುಂಬಿತು.
ಕಿಟಕಿಗೆ ಎದುರು ಕಟ್ಟಡದ ಎ.ಸಿ. ಪೆಟ್ಟಿಗೆಗಳು, ಎಪ್ಪತ್ತೆರಡು
(ಇದೂ ಅವನೇ ಎಣಿಸಿದ್ದು).
ಈ ದೇಶದಲ್ಲಿ ಅವನು ಒಬ್ಬನೇ ದಾಟಿದ ರಸ್ತೆ
ಇನ್ನೂ ಒಂದೂ ಇಲ್ಲ.

ನನ್ನ ಲೆಕ್ಕ ಬೇರೆ.
ಬಸ್ಸು ಹದಿನೇಳು, ತಲೆ ಮೂವತ್ತನಾಲ್ಕು,
ಬೆಲ್ಟು ನಾನೇ ಹಾಕಬೇಕಾದವರು ಹನ್ನೊಂದು,
ಮುವೈಲಿಯಾದ ವೃತ್ತದಲ್ಲಿ ತಪ್ಪದೆ ವಾಂತಿ ಮಾಡುವವಳು ಒಬ್ಬಳು.
ಡ್ರೈವರ್ ಗುಲ್‌ಬಾಜ್ ಖಾನನಿಗೆ ಕನ್ನಡ ಬಾರದು, ನನಗೆ ಪಶ್ತೋ ಬಾರದು,
ಇಬ್ಬರೂ ಹಿಂದಿ ಎಂಬ ಒಂದು ಹರಕು ಕೊಡೆಯಡಿ
ಅರ್ಧರ್ಧ ಒದ್ದೆಯಾಗುತ್ತೇವೆ.

ಮಕ್ಕಳೆಲ್ಲ ಇಳಿದು ಇಂಜಿನ್ ನಿಂತ ಕೂಡಲೇ
ಬಸ್ಸು ಕಿರುಚತೊಡಗುತ್ತದೆ.
ನಾನು ಹಿಂದಕ್ಕೆ ನಡೆಯಬೇಕು, ಹದಿನಾರು ಹೆಜ್ಜೆ.
ಸೀಟಿನ ಮೇಲೆ, ಸೀಟಿನ ಕೆಳಗೆ,
ಬ್ಯಾಗಿನಂತೆ ಕಾಣುವುದು ಬ್ಯಾಗೇ ಹೌದೋ ಎಂದು ಮುಟ್ಟಿ,
ಕೊನೇ ಸೀಟಿನ ಹಿಂದಿನ ಕೆಂಪು ಗುಂಡಿ ಒತ್ತಬೇಕು.
ಆಗ ಅದು ಬಾಯಿ ಮುಚ್ಚುತ್ತದೆ.

ಒಂದು ಜೂನ್ ತಿಂಗಳು, ಹೊರಗೆ ನಲವತ್ತಾರು ಡಿಗ್ರಿ,
ಕೊನೆಯಿಂದ ಎರಡನೇ ಸೀಟಿನಲ್ಲಿ
ಬ್ಯಾಗು ಉಸಿರಾಡುತ್ತಿತ್ತು.
ಕೇಜಿಯ ಹುಡುಗ, ಬಾಯಲ್ಲಿ ಹೆಬ್ಬೆರಳು.
ಎತ್ತಿಕೊಂಡು ಹೋಗಿ ತರಗತಿಗೆ ಬಿಟ್ಟು ಬಂದೆ.
ಆ ದಿನ ಗುಂಡಿ ಒತ್ತಿದ್ದು ಎರಡು ಸಲ.
ಮತ್ತೆ ಬಸ್ಸಿನ ಮೆಟ್ಟಿಲಲ್ಲಿ ಕೂತೆ, ಎಷ್ಟು ಹೊತ್ತೋ.
ಖಾನ್ ನೀರಿನ ಬಾಟಲಿ ತಂದಿಟ್ಟು ಬೇರೆ ಕಡೆ ನೋಡಿದ.

"ನಿನ್ನ ಶಾಲೆಗೆ ಬಸ್ಸೆಷ್ಟು?" ಕೇಳಿದೆ ಇವತ್ತು.
ಎಲ್ಲ ಅಂಕಿ ನಾಲಿಗೆಯ ತುದಿಯಲ್ಲಿಟ್ಟವನು ತಡವರಿಸಿದ.
"ಒಂದು. ಗೇಟಿನ ಹೊರಗೆ ನಿಂತಿದೆ. ಯಾರೂ ಹತ್ತುವುದಿಲ್ಲ, ಇಳಿಯುವುದಿಲ್ಲ.
ಚಂದಕ್ಕೆ ಇಟ್ಟದ್ದು."
"ಒಳಗೆ ಹೋಗಬಹುದಾ?"
"ಹೋಗಬಹುದೇನೋ. ಎಂತದೂ ಸಿಕ್ಕುವುದಿಲ್ಲ ಅಮ್ಮ."

ಕೊಡು ಇಲ್ಲಿ, ಎಂದೆ.
ಹೆಬ್ಬೆರಳು ಹೇಳಿದ ಮಾತು ಕೇಳಲಿಲ್ಲ.
ಗೋಡೆಗೆ ಗುದ್ದಿದೆ, ಕಾರಂಜಿಗೆ ಬಿದ್ದೆ,
ಬೇಡವೆಂದರೂ ಒಬ್ಬ ಹುಡುಗನ ಕೆನ್ನೆಗೆ ಬಾರಿಸಿದೆ;
ಓಡಬಲ್ಲ ಇಬ್ಬರಲ್ಲಿ ಒಬ್ಬ ಬೆನ್ನು ಹತ್ತಿದ.
ಪ್ರದ್ಯೋತ ನೆಲದಲ್ಲಿ ಉರುಳಾಡಿ ನಗುತ್ತಿದ್ದ.

ಹತ್ತಿದೆ.
ಒಳಗೆ ಯಾವ ಸದ್ದೂ ಇಲ್ಲ. ನೀಲಿ ಸೀಟು, ಪೇಂಟಿನ ಬಿಸಿಲು.
ಮೇಲೆ ನೋಡಿದೆ, ಕೆಳಗೆ ಬಗ್ಗಿಸಿದೆ, ಒಂದೊಂದೇ ಸಾಲು.
ನಗು ಯಾವಾಗ ನಿಂತಿತೋ ತಿಳಿಯಲಿಲ್ಲ.
ಪರದೆಯ ಮೂಲೆಯಲ್ಲಿ ಅಕ್ಷರ ಮೂಡಿತು:
ಹೊಸ ಜಾಗ. ಪೂರ್ಣಗೊಂಡದ್ದು ಶೇಕಡಾ ಅರವತ್ತೊಂದು ದಶಾಂಶ ನಾಲ್ಕು.
ಅವನು ಮೂರು ವಾರದಿಂದ ಮೂರರಲ್ಲೇ ಸಿಕ್ಕಿಬಿದ್ದಿದ್ದ.
ಎದ್ದು ಬಂದು ನನ್ನ ಪಕ್ಕ ಕೂತ.

ಕೊನೇ ಸೀಟು ಬಂತು. ಅದರ ಹಿಂದೆ ಬರೀ ತಗಡು.
ಮಾಡಿದವರು ಗುಂಡಿ ಇಟ್ಟಿಲ್ಲ.
ಅಲ್ಲೇ ನಿಂತೆ.
ಅಡುಗೆಮನೆಯಲ್ಲಿ ಕುಕ್ಕರ್ ಕೂಗಿತು, ಮತ್ತೆ ಕೂಗಿತು,
ಎಷ್ಟನೆಯದೋ,
ಇಬ್ಬರೂ ಎಣಿಸಲಿಲ್ಲ.